ಬಾಗಿಲ ಮೇಲಿನ ಕಲ್ಲಿನಲ್ಲಿ ‘ನಂ. 5 ಎಫ್.ಆರ್.ಎಲ್.’: ಮಿಶಿಗನ್‌ನ ಹಳೇ ಶಾಲೆಯ ಚರಿತ್ರೆ ಹುಡುಕುವುದು ಹೇಗೆ?

ಪ್ರಶ್ನೆ: ನಾವು ಡೆಟ್ರಾಯ್ಟ್ ಹತ್ತಿರದ ನೋವೈಯಲ್ಲಿ ಇದ್ದೇವೆ. ಮನೆಯಿಂದ ಸ್ವಲ್ಪ ದೂರದಲ್ಲಿ, ಎರಡು ಟೌನ್‌ಶಿಪ್‌ಗಳ ಗಡಿ ರಸ್ತೆಯ ಮೂಲೆಯಲ್ಲಿ ಒಂದು ಹಳೇ ಇಟ್ಟಿಗೆ ಕಟ್ಟಡವಿದೆ. ಈಗ ಯಾರೋ ಗೋದಾಮಿನಂತೆ ಬಳಸುತ್ತಿದ್ದಾರೆ. ಬಾಗಿಲ ಮೇಲಿನ ಕಲ್ಲಿನಲ್ಲಿ ‘ಡಿಸ್ಟ್. ನಂ. 5 ಎಫ್.ಆರ್.ಎಲ್. 1876’ ಎಂದಿದೆ. ಮಗಳಿಗೆ ಐದನೇ ಗ್ರೇಡಿನಲ್ಲಿ ಸ್ಥಳೀಯ ಚರಿತ್ರೆಯ ಪ್ರಾಜೆಕ್ಟ್ ಕೊಟ್ಟಿದ್ದಾರೆ, ಅವಳು ಇದನ್ನೇ ಆರಿಸಿಕೊಂಡಿದ್ದಾಳೆ. ಅಂತರ್ಜಾಲದಲ್ಲಿ ಏನೂ ಸಿಗಲಿಲ್ಲ. ಟೌನ್‌ಶಿಪ್ ಆಫೀಸಿನಲ್ಲಿ ಕೇಳಿದರೆ ‘ನಮ್ಮಲ್ಲಿ ಅದರ ಕಾಗದ ಇಲ್ಲ’ ಎಂದರು. ರಸ್ತೆ ಅಗಲ ಮಾಡುವಾಗ ಕಟ್ಟಡ ಹೋಗಬಹುದು ಎಂಬ ಮಾತೂ ಇದೆ. ಎಲ್ಲಿಂದ ಶುರು ಮಾಡಬೇಕು? ನಮಗೆ ಇನ್ನೂ ಗ್ರೀನ್ ಕಾರ್ಡ್ ಮಾತ್ರ, ಸಭೆಯಲ್ಲಿ ಮಾತಾಡಲು ಅವಕಾಶ ಇದೆಯೇ?

ಉತ್ತರ: ಅರ್ಧ ಉತ್ತರ ಆ ಮೂರು ಅಕ್ಷರಗಳಲ್ಲೇ ಇದೆ. ಎಫ್.ಆರ್.ಎಲ್. ಅಂದರೆ ಫ್ರ್ಯಾಕ್ಷನಲ್. ಒಂದು ಟೌನ್‌ಶಿಪ್ಪಿನೊಳಗೆ ಮುಗಿಯದೆ ಗಡಿ ದಾಟಿ ಪಕ್ಕದ ಟೌನ್‌ಶಿಪ್ಪಿಗೂ ಚಾಚಿಕೊಂಡಿದ್ದ ಶಾಲಾ ಡಿಸ್ಟ್ರಿಕ್ಟಿಗೆ ಮಿಶಿಗನ್‌ನ ಕಾಗದಪತ್ರಗಳಲ್ಲಿ ಇದ್ದ ಹೆಸರು ಇದು. ‘ನಮ್ಮಲ್ಲಿ ಇಲ್ಲ’ ಎಂದವರು ಸುಳ್ಳು ಹೇಳಿರಲಿಕ್ಕಿಲ್ಲ. ಕಾಗದ ಪಕ್ಕದ ಟೌನ್‌ಶಿಪ್ಪಿನಲ್ಲಿ ಇರಬಹುದು, ಅಲ್ಲಿಂದಲೂ ಮುಂದಕ್ಕೆ ಹೋಗಿರಬಹುದು.

ಮೊದಲು ಎರಡು ಪದ ಬಿಡಿಸಿಕೊಳ್ಳೋಣ, ನಮ್ಮವರು ಎಡವುವುದೇ ಇಲ್ಲಿ. ಡಿಸ್ಟ್ರಿಕ್ಟ್ ಎಂದ ಕೂಡಲೇ ನಮಗೆ ಜಿಲ್ಲೆ ನೆನಪಾಗುತ್ತದೆ. ಈ ಡಿಸ್ಟ್ರಿಕ್ಟ್ ಒಂದೇ ಒಂದು ಶಾಲೆಯ ಸುತ್ತಲಿನ ಕೆಲವು ಚದರ ಮೈಲಿ, ಮಕ್ಕಳು ನಡೆದು ಬರಬಹುದಾದಷ್ಟು ದೂರ. ನಮ್ಮ ಒಂದು ಗ್ರಾಮ ಪಂಚಾಯ್ತಿಗಿಂತ ಚಿಕ್ಕದು. ಟೌನ್‌ಶಿಪ್ ಎಂದರೆ ಬೆಂಗಳೂರಿನ ಅಪಾರ್ಟ್‌ಮೆಂಟ್ ಸಮುಚ್ಚಯವೂ ಅಲ್ಲ, ಕೌಂಟಿಯ (ನಮ್ಮ ಜಿಲ್ಲೆಯಂಥದು) ಕೆಳಗಿನ ಸ್ಥಳೀಯ ಸರ್ಕಾರ.

ಅಷ್ಟು ಚಿಕ್ಕದಾದರೂ ಶಾಲಾ ಡಿಸ್ಟ್ರಿಕ್ಟ್ ಸ್ವತಃ ಒಂದು ಸರ್ಕಾರವೇ ಆಗಿತ್ತು. ತೆರಿಗೆ ಹಾಕುತ್ತಿತ್ತು, ಜಮೀನು ಕೊಳ್ಳುತ್ತಿತ್ತು, ಕೋರ್ಟಿಗೂ ಹೋಗುತ್ತಿತ್ತು. ಹೈಸ್ಕೂಲಿಗೆ ಜನರ ತೆರಿಗೆ ಹಣ ಬಳಸಬಹುದೇ ಎಂಬ ಪ್ರಶ್ನೆಯನ್ನು 1874ರಲ್ಲಿ ಮಿಶಿಗನ್ ಸುಪ್ರೀಂ ಕೋರ್ಟ್ ತೀರ್ಮಾನಿಸಿತು, ತೀರ್ಪು ಬರೆದವರು ಥಾಮಸ್ ಕೂಲಿ. ಆ ಪ್ರಸಿದ್ಧ ಮೊಕದ್ದಮೆಯ ಪ್ರತಿವಾದಿ ಕಲಮಜೂ ಊರಿನ ‘ಸ್ಕೂಲ್ ಡಿಸ್ಟ್ರಿಕ್ಟ್ ನಂ. 1’. ನಿಮ್ಮ ನಂ. 5 ಕೂಡ ಕಾನೂನಿನ ಕಣ್ಣಿಗೆ ಅದೇ ಜಾತಿಯದು. ಆದ್ದರಿಂದ ಕಟ್ಟಡದ ಚರಿತ್ರೆ ಎಂದು ಹುಡುಕಿದರೆ ಏನೂ ಸಿಗುವುದಿಲ್ಲ, ಏಕೆಂದರೆ ಕಟ್ಟಡದ ಹೆಸರಿನಲ್ಲಿ ಯಾರೂ ಕಡತ ಇಡಲಿಲ್ಲ. ಡಿಸ್ಟ್ರಿಕ್ಟಿನ ಹೆಸರಿನಲ್ಲಿ ಇಟ್ಟರು. ಹುಡುಕಬೇಕಾದ ಪೂರ್ತಿ ಹೆಸರು ‘ಸ್ಕೂಲ್ ಡಿಸ್ಟ್ರಿಕ್ಟ್ ನಂ. 5 ಫ್ರ್ಯಾಕ್ಷನಲ್, ಇಂಥ ಮತ್ತು ಇಂಥ ಟೌನ್‌ಶಿಪ್’. ಟೌನ್‌ಶಿಪ್ ಹೆಸರಿಲ್ಲದ ಬರೀ ನಂಬರ್ ಉಪಯೋಗವಿಲ್ಲ. ಪ್ರತಿ ಟೌನ್‌ಶಿಪ್ಪೂ ಒಂದರಿಂದಲೇ ಎಣಿಸುತ್ತಿತ್ತು, ಹಾಗಾಗಿ ಒಂದೇ ಕೌಂಟಿಯಲ್ಲಿ ಹತ್ತಾರು ನಂ. 5 ಇದ್ದವು.

ಈಗ ಜಾಗ ಗುರುತಿಸುವ ಕೆಲಸ. ಊರಲ್ಲಿ ಪಹಣಿ ತೆಗೆಸಲು ಸರ್ವೆ ನಂಬರ್ ಬೇಕಲ್ಲವೇ, ಇಲ್ಲಿಯೂ ಹಾಗೆಯೇ. 1785ರ ಭೂ ಕಾಯ್ದೆಯ ಪ್ರಕಾರ ಈ ಪ್ರದೇಶವನ್ನೆಲ್ಲ ಆರು ಮೈಲಿ ಉದ್ದ, ಆರು ಮೈಲಿ ಅಗಲದ ಚೌಕಗಳಾಗಿ ಅಳೆದರು. ಒಂದೊಂದು ಚೌಕದಲ್ಲಿ 36 ಸೆಕ್ಷನ್, ಒಂದು ಸೆಕ್ಷನ್ ಅಂದರೆ ಒಂದು ಚದರ ಮೈಲಿ, 640 ಎಕರೆ. ಮಿಶಿಗನ್‌ನ ಅಳತೆಗೆ ಆಧಾರವಾದ ಪೂರ್ವ-ಪಶ್ಚಿಮ ಗೆರೆ ನೀವು ದಿನಾ ದಾಟುವ ಎಯ್ಟ್ ಮೈಲ್ ರೋಡ್. ಅಲ್ಲಿಂದ ಉತ್ತರಕ್ಕೆ ನೈನ್ ಮೈಲ್, ಟೆನ್ ಮೈಲ್ ಎಂದು ಸಾಗುವ ರಸ್ತೆಗಳೆಲ್ಲ ಸೆಕ್ಷನ್ ಗೆರೆಗಳ ಮೇಲೆಯೇ ಕೂತಿವೆ. ಎಯ್ಟ್ ಮೈಲ್‌ನಿಂದ ಫೋರ್ಟೀನ್ ಮೈಲ್‌ವರೆಗಿನ ಆರು ಮೈಲಿಯೇ ಹಳೇ ನೋವೈ ಟೌನ್‌ಶಿಪ್ಪಿನ ಉತ್ತರ-ದಕ್ಷಿಣ ಉದ್ದ. ದಾಖಲೆಯಲ್ಲಿ ಅದು ‘ಟೌನ್ 1 ನಾರ್ತ್, ರೇಂಜ್ 8 ಈಸ್ಟ್’, ಅಂದರೆ ಆ ಆಧಾರ ಗೆರೆಯಿಂದ ಉತ್ತರಕ್ಕೆ ಮೊದಲ ಚೌಕ, ಉತ್ತರ-ದಕ್ಷಿಣದ ಮೂಲ ಗೆರೆಯಿಂದ ಪೂರ್ವಕ್ಕೆ ಎಂಟನೆಯದು.

ಸೆಕ್ಷನ್ ನಂಬರಿನ ಕ್ರಮ ಮಗಳಿಗೆ ತಮಾಷೆ ಎನಿಸಬಹುದು. ಈಶಾನ್ಯದ ಮೂಲೆಯಲ್ಲಿ 1ರಿಂದ ಶುರುವಾಗಿ ಪಶ್ಚಿಮಕ್ಕೆ 6ರವರೆಗೆ ಹೋಗುತ್ತದೆ. 6ರ ಕೆಳಗೆ 7, ಅಲ್ಲಿಂದ ಪೂರ್ವಕ್ಕೆ ತಿರುಗಿ 12. ಅದರ ಕೆಳಗೆ 13, ಮತ್ತೆ ಪಶ್ಚಿಮಕ್ಕೆ. ಎತ್ತು ಹೊಲ ಉಳುವಾಗ ಒಂದು ಸಾಲು ಹೋಗಿ ಪಕ್ಕದ ಸಾಲಲ್ಲಿ ತಿರುಗಿ ಬರುವ ಹಾಗೆ. ಆಗ್ನೇಯ ಮೂಲೆಗೆ ಬಂದಾಗ 36. ಇದರಲ್ಲಿ 16ನೇ ಸೆಕ್ಷನ್ ಮಧ್ಯದ ನಾಲ್ಕು ಚೌಕಗಳಲ್ಲಿ ಒಂದು. ಅದನ್ನು 1785ರಲ್ಲೇ ಶಾಲೆಗಳ ಖರ್ಚಿಗೆಂದು ಮೀಸಲಿಟ್ಟರು. ನೋವೈಯಲ್ಲಿ ಲೆಕ್ಕ ಹಾಕಿ ನೋಡಿ: ಇಲೆವೆನ್ ಮೈಲ್ ಮತ್ತು ಟ್ವೆಲ್ವ್ ಮೈಲ್ ನಡುವೆ, ಟಾಫ್ಟ್ ಮತ್ತು ಬೆಕ್ ರಸ್ತೆಗಳ ನಡುವಿನ ಚೌಕ. ಗ್ರ್ಯಾಂಡ್ ರಿವರ್ ರಸ್ತೆ ಅದರೊಳಗೇ ಹಾಯ್ದು ಹೋಗುತ್ತದೆ.

ಶಾಲೆಗಳು 16ನೇ ಸೆಕ್ಷನ್ನಿನಲ್ಲೇ ಇರಬೇಕು ಎಂದು ತಿಳಿಯುವುದು ಸಾಮಾನ್ಯ ತಪ್ಪು. ಆ ಜಮೀನು ಮಾರಾಟಕ್ಕೆ ಅಥವಾ ಗುತ್ತಿಗೆಗೆ, ಬಂದ ಹಣ ಶಾಲೆಗೆ. ಆ ಜಮೀನನ್ನು ಟೌನ್‌ಶಿಪ್‌ಗಳ ಕೈಗೆ ಕೊಟ್ಟ ರಾಜ್ಯಗಳಲ್ಲಿ ಬಹಳಷ್ಟು ಪೋಲಾಯಿತು. ಮಿಶಿಗನ್ 1837ರಲ್ಲಿ ರಾಜ್ಯವಾದಾಗ ಬೇರೆ ದಾರಿ ಹಿಡಿದು ಅದನ್ನು ರಾಜ್ಯದ ಕೈಗೇ ತೆಗೆದುಕೊಂಡಿತು. ಮೊದಲ ಶಿಕ್ಷಣ ಸೂಪರಿಂಟೆಂಡೆಂಟ್ ಜಾನ್ ಪಿಯರ್ಸ್ ಒತ್ತಾಯಿಸಿದ್ದು ಇದನ್ನೇ. ಮಾರಿದ ಹಣ ನಿಧಿಯಾಯಿತು, ಅದರ ಬಡ್ಡಿ ಮಕ್ಕಳ ಎಣಿಕೆಯ ಪ್ರಕಾರ ಹಂಚಿಕೆಯಾಯಿತು. ನಿಮ್ಮ ಹುಡುಕಾಟಕ್ಕೆ ಇದರ ಅರ್ಥ ಇಷ್ಟು: ಫೆಡರಲ್ ಸರ್ಕಾರ ಮೊದಲು ಯಾರಿಗೆ ಜಮೀನು ಕೊಟ್ಟಿತು ಎಂಬ ದಾಖಲೆ ಜನರಲ್ ಲ್ಯಾಂಡ್ ಆಫೀಸಿನ ಜಾಲತಾಣದಲ್ಲಿ ಉಚಿತವಾಗಿ ಸಿಗುತ್ತದೆ. ಟೌನ್, ರೇಂಜ್, ಸೆಕ್ಷನ್ ಹಾಕಿದರೆ ಸಾಕು. ಆದರೆ 16ನೇ ಸೆಕ್ಷನ್ನಿನ ರೈತರು ಅಲ್ಲಿ ಇರುವುದಿಲ್ಲ, ಅವರ ಕಾಗದ ರಾಜಧಾನಿ ಲ್ಯಾನ್ಸಿಂಗ್‌ನ ರಾಜ್ಯ ಪತ್ರಾಗಾರದಲ್ಲಿ ನೋಡಬೇಕು.

ಸೆಕ್ಷನ್ ಗೊತ್ತಾದ ಮೇಲೆ ಹಳೇ ಕೌಂಟಿ ಅಟ್ಲಾಸ್. ನಿಮ್ಮ ಓಕ್‌ಲ್ಯಾಂಡ್ ಕೌಂಟಿಗೆ 1872ರದ್ದು ಇದೆ, ಆಮೇಲಿನವೂ ಇವೆ. ಪ್ರತಿ ಟೌನ್‌ಶಿಪ್ಪಿಗೆ ಒಂದು ಪುಟ, ರೈತನ ಹೆಸರು, ಎಕರೆ, ಮನೆಯ ಜಾಗಕ್ಕೆ ಸಣ್ಣ ಕಪ್ಪು ಚೌಕ. ಶಾಲೆಯಿದ್ದ ಕಡೆ ‘ಎಸ್. ಎಚ್.’ ಎಂಬ ಎರಡು ಅಕ್ಷರ, ಅಂದರೆ ಸ್ಕೂಲ್ ಹೌಸ್. ನಿಮ್ಮ ಮೂಲೆಯಲ್ಲಿ 1872ರ ನಕ್ಷೆಯಲ್ಲೇ ಆ ಅಕ್ಷರ ಇದ್ದರೆ, ಕಲ್ಲಿನ ಮೇಲಿನ 1876 ಶಾಲೆ ಹುಟ್ಟಿದ ವರ್ಷ ಅಲ್ಲ, ಈ ಕಟ್ಟಡದ ವರ್ಷ ಮಾತ್ರ. ಮೊದಲು ಮರದ ದಿಮ್ಮಿಯದೋ ಹಲಗೆಯದೋ ಶಾಲೆ ಇದ್ದು ಆಮೇಲೆ ಇಟ್ಟಿಗೆಯದು ಬಂದದ್ದು ಬಹಳ ಕಡೆ. ಎದುರು ಮೂಲೆಯಲ್ಲಿ ಇದ್ದರೂ ಆಶ್ಚರ್ಯವಿಲ್ಲ, ಹೊಸ ಶಾಲೆ ಕಟ್ಟುವಾಗ ರಸ್ತೆ ದಾಟಿಸಿದ್ದೂ ಉಂಟು. ಫ್ರ್ಯಾಕ್ಷನಲ್ ಡಿಸ್ಟ್ರಿಕ್ಟಾದರೆ ಇದು ಸಣ್ಣ ಸಂಗತಿಯಲ್ಲ: ಗಡಿ ರಸ್ತೆ ದಾಟಿದರೆ ಟೌನ್‌ಶಿಪ್ಪೇ ಬದಲು, ಅದರ ಜೊತೆಗೆ ಕಾಗದದ ವಿಳಾಸವೂ ಬದಲು.

ಇನ್ನು ಕ್ರಯಪತ್ರ. ನಮ್ಮ ಸಬ್ ರಿಜಿಸ್ಟ್ರಾರ್ ಕಚೇರಿಯ ಕೆಲಸ ಇಲ್ಲಿ ಕೌಂಟಿಯ ರಿಜಿಸ್ಟರ್ ಆಫ್ ಡೀಡ್ಸ್ ಮಾಡುತ್ತದೆ. ಓಕ್‌ಲ್ಯಾಂಡಿನದು ಪಾಂಟಿಯಾಕ್‌ನಲ್ಲಿದೆ. ಕೊಟ್ಟವರ ಹೆಸರಿನ ಇಂಡೆಕ್ಸು ಬೇರೆ, ಕೊಂಡವರದು ಬೇರೆ. ಕೊಂಡವರ ಇಂಡೆಕ್ಸಿನಲ್ಲಿ ‘ಸ್ಕೂಲ್’ ಅಡಿಯಲ್ಲಿ ಹುಡುಕಿ. ಸಿಗದಿದ್ದರೆ ‘ಡಿಸ್ಟ್ರಿಕ್ಟ್’, ‘ಫ್ರ್ಯಾಕ್ಷನಲ್’, ಕೊನೆಗೆ ಟೌನ್‌ಶಿಪ್ಪಿನ ಹೆಸರು. ಗುಮಾಸ್ತರು ಯಾವ ಅಕ್ಷರದಡಿ ಬರೆದರು ಎಂಬುದಕ್ಕೆ ನಿಯಮವೇ ಇರಲಿಲ್ಲ. ಅಲ್ಲೂ ಇಲ್ಲವಾದರೆ ಅಟ್ಲಾಸಿನಲ್ಲಿ ಆ ಮೂಲೆಯ ಹೊಲದ ಒಡೆಯನ ಹೆಸರು ಹಿಡಿದು ಕೊಟ್ಟವರ ಇಂಡೆಕ್ಸು ನೋಡಿ. ಕೆಲವು ಶಾಲೆಗಳ ಪತ್ರ ನೋಂದಣಿಯೇ ಆಗಲಿಲ್ಲ, ನೆರೆಹೊರೆಯ ಮಾತಿನ ಮೇಲೆ ನಡೆದುಹೋಯಿತು.

ಪತ್ರ ಸಿಕ್ಕರೆ ಚಕ್ಕುಬಂದಿಯನ್ನು ನಿಧಾನವಾಗಿ ಓದಿ. ‘ಸೆಕ್ಷನ್ ಮೂಲೆಯಿಂದ ಪೂರ್ವಕ್ಕೆ 8 ರಾಡ್, ದಕ್ಷಿಣಕ್ಕೆ 10 ರಾಡ್’ ಎಂಬ ಧಾಟಿಯಲ್ಲಿ ಇರುತ್ತದೆ. ಒಂದು ರಾಡ್ ಅಂದರೆ ಹದಿನಾರೂವರೆ ಅಡಿ. ನಾಲ್ಕು ರಾಡ್ ಸೇರಿದರೆ ಒಂದು ಸರಪಳಿ, 66 ಅಡಿ. ನಮ್ಮ ಗುಂಟೆ 33 ಅಡಿ ಉದ್ದ 33 ಅಡಿ ಅಗಲ, ಅಂದರೆ ಅರ್ಧ ಸರಪಳಿ ಅಗಲದ ಚೌಕ. ಬ್ರಿಟಿಷರ ಅದೇ ಗಂಟರ್ ಸರಪಳಿಯ ಲೆಕ್ಕ ಎರಡೂ ಕಡೆಗೆ ಬಂದದ್ದು. ಹಾಗಾಗಿ ಈ ಅಳತೆಯನ್ನು ಗುಂಟೆಗೆ ತಿರುಗಿಸಿದರೆ ಸಲೀಸಾಗಿ ಕೂಡುತ್ತದೆ. 8 ರಾಡ್ ಅಂದರೆ 132 ಅಡಿ, 10 ರಾಡ್ ಅಂದರೆ 165 ಅಡಿ. ಒಟ್ಟು 20 ಗುಂಟೆ, ಅರ್ಧ ಎಕರೆ. ಹಳ್ಳಿ ಶಾಲೆಗೆ ಸಾಧಾರಣವಾಗಿ ಇದ್ದ ಜಾಗ ಅರ್ಧದಿಂದ ಒಂದು ಎಕರೆ.

ಆದರೆ ಸ್ಥಳಕ್ಕೆ ಹೋಗಿ ಅಳೆದರೆ 20 ಗುಂಟೆ ಇರುವುದಿಲ್ಲ, ಯಾರೋ ಒತ್ತುವರಿ ಮಾಡಿದ್ದಾರೆ ಅನ್ನಿಸುತ್ತದೆ. ಹಾಗೇನೂ ಇಲ್ಲ. ಸೆಕ್ಷನ್ ಮೂಲೆ ಎಂಬುದು ರಸ್ತೆಗಳು ಕೂಡುವ ನಡುಮಧ್ಯ. ಸೆಕ್ಷನ್ ಗೆರೆಯ ರಸ್ತೆಗೆ ಸಾಮಾನ್ಯವಾಗಿ 66 ಅಡಿ ಬಿಟ್ಟಿರುತ್ತಾರೆ, ಗೆರೆಯ ಆಚೆ 33 ಅಡಿ, ಈಚೆ 33 ಅಡಿ. ಮೂಲೆ ಜಾಗವಾದ್ದರಿಂದ ಎರಡು ಬದಿಯಲ್ಲೂ 33 ಅಡಿ ಕಳೆಯಿರಿ. ಉಳಿಯುವುದು 99 ಅಡಿ, 132 ಅಡಿ, ಅಂದರೆ ಸರಿಯಾಗಿ 12 ಗುಂಟೆ. ರಸ್ತೆ ಇನ್ನೂ ಅಗಲವಾದರೆ ಇಂಥ ಮೂಲೆ ಶಾಲೆಗಳೇ ಮೊದಲು ಹೋಗುವುದು ಏಕೆ ಎಂಬುದು ಇದರಲ್ಲೇ ಕಾಣುತ್ತದೆ.

ಪತ್ರದ ಕೊನೆಯ ಸಾಲುಗಳನ್ನು ಬಿಡಬೇಡಿ. ‘ಶಾಲೆಗಾಗಿ ಬಳಸುವವರೆಗೆ ಮಾತ್ರ’ ಎಂಬ ಷರತ್ತು ಇದ್ದರೆ, ಶಾಲೆ ಮುಚ್ಚಿದ ದಿನ ಜಾಗ ಮೂಲ ಹೊಲಕ್ಕೆ ಮರಳುತ್ತದೆ. ಎಷ್ಟೋ ಶಾಲೆಗಳು ದನದ ಕೊಟ್ಟಿಗೆ, ಕಾಳಿನ ಕಣಜ, ಗೋದಾಮು ಆದದ್ದು ಹೀಗೆ. ಈಗಿನ ಒಡೆಯರಿಗೆ ಕಟ್ಟಡ ಹೇಗೆ ಬಂತು ಎಂಬ ಪ್ರಶ್ನೆಗೂ ಅಲ್ಲೇ ಉತ್ತರ ಇರಬಹುದು.

ಈಗ ನಿಜವಾದ ನಿಧಿ: ಡೈರೆಕ್ಟರ್ ಪುಸ್ತಕ. ಆ ಕಾಲದ ಡಿಸ್ಟ್ರಿಕ್ಟಿಗೆ ಮೂವರು ಅಧಿಕಾರಿಗಳು. ಸಭೆ ನಡೆಸುವವನು ಮಾಡರೇಟರ್, ಲೆಕ್ಕ ಮತ್ತು ನಡಾವಳಿ ಬರೆಯುವವನು ಡೈರೆಕ್ಟರ್, ಹಣ ಇಟ್ಟುಕೊಳ್ಳುವವನು ಅಸೆಸರ್, ಮುಂದೆ ಅವನೇ ಟ್ರೆಷರರ್ ಎನಿಸಿದ. ಮೂವರೂ ಅಕ್ಕಪಕ್ಕದ ರೈತರೇ. ವರ್ಷಕ್ಕೊಮ್ಮೆ ಶಾಲೆಯಲ್ಲೇ ಸಭೆ ಸೇರಿ, ಎಷ್ಟು ತಿಂಗಳು ಶಾಲೆ, ಚಳಿಗಾಲಕ್ಕೆ ಗಂಡು ಮೇಷ್ಟ್ರೋ ಬೇಸಿಗೆಗೆ ಹೆಂಗಸೋ, ಎಷ್ಟು ತೆರಿಗೆ ಎಂದು ಠರಾವು ಮಾಡುತ್ತಿದ್ದರು. ಅತಿ ಹೆಚ್ಚು ಚರ್ಚೆ ಸೌದೆಯ ಬಗ್ಗೆ. ಸೌದೆಯ ಅಳತೆ ಕಾರ್ಡ್: ನಾಲ್ಕು ಅಡಿ ಅಗಲ, ನಾಲ್ಕು ಅಡಿ ಎತ್ತರ, ಎಂಟು ಅಡಿ ಉದ್ದದ ಒಟ್ಟಿಲು, 128 ಘನ ಅಡಿ. ಎಷ್ಟು ಕಾರ್ಡ್, ಯಾವ ಮರ, ಒಲೆಗೆ ಹೊಂದುವಂತೆ ಎಷ್ಟು ಇಂಚಿಗೆ ಕಡಿಯಬೇಕು, ಸೀಳಿ ಕೊಡಬೇಕೋ ಬೇಡವೋ ಎಂದು ಬರೆದು, ಕಡಿಮೆಗೆ ಕೂಗಿದವನಿಗೆ ಗುತ್ತಿಗೆ ಕೊಡುತ್ತಿದ್ದರು. ಐದನೇ ಗ್ರೇಡಿನ ಮಗುವಿಗೆ ಇದಕ್ಕಿಂತ ಒಳ್ಳೆಯ ಸಾಮಗ್ರಿ ಸಿಗುವುದಿಲ್ಲ. ಹತ್ತು ವರ್ಷದ ಸೌದೆ ಲೆಕ್ಕ ಮತ್ತು ಮೇಷ್ಟ್ರ ಸಂಬಳ ಅಕ್ಕಪಕ್ಕ ಬರೆದರೆ ಸಾಕು, ಪ್ರಾಜೆಕ್ಟ್ ತಾನೇ ಮಾತಾಡುತ್ತದೆ.

1876ರ ಸುತ್ತಿನ ಪುಸ್ತಕ ಓದುವಾಗ ಎರಡು ತಿರುವು ತಲೆಯಲ್ಲಿರಲಿ. 1869ರವರೆಗೆ ತೆರಿಗೆ ಸಾಲದಿದ್ದಾಗ ಮಕ್ಕಳು ಬಂದ ದಿನಗಳ ಲೆಕ್ಕದಲ್ಲಿ ತಂದೆತಾಯಿಗಳಿಂದ ವಸೂಲಿ ಇತ್ತು, ಅದಕ್ಕೆ ರೇಟ್ ಬಿಲ್ ಎನ್ನುತ್ತಿದ್ದರು. ಬಡವರು ಹಣ ಉಳಿಸಲು ಮಕ್ಕಳನ್ನು ಮನೆಯಲ್ಲೇ ಉಳಿಸಿಕೊಳ್ಳುತ್ತಿದ್ದರು. ಅದು ಹೋದ ಮೇಲೆ, 1871ರಲ್ಲಿ ಕಡ್ಡಾಯ ಶಿಕ್ಷಣದ ಕಾನೂನು ಬಂತು: 8ರಿಂದ 14 ವರ್ಷದವರು ವರ್ಷಕ್ಕೆ 12 ವಾರ, ಅದರಲ್ಲಿ 6 ವಾರ ಸತತ. ಹಾಜರಿ ಪಟ್ಟಿಯಲ್ಲಿ ಆಮೇಲೂ ಬಿತ್ತನೆ, ಕೊಯ್ಲಿನ ಕಾಲಕ್ಕೆ ದೊಡ್ಡ ಹುಡುಗರು ಮಾಯ. ಕಾನೂನು ಹಾಳೆಯ ಮೇಲಿತ್ತು, ಜೋಳ ಹೊಲದಲ್ಲಿತ್ತು.

ಸಭೆಯ ಪುಟಗಳಲ್ಲಿ ಹೆಂಗಸರ ಹೆಸರು ಕಂಡರೆ ತಪ್ಪು ಓದಿದೆ ಅಂದುಕೊಳ್ಳಬೇಡಿ. ದೇಶಾದ್ಯಂತ ಹೆಂಗಸರಿಗೆ ಮತದ ಹಕ್ಕು ಬಂದದ್ದು 1920ರಲ್ಲಿ, ಆದರೆ ತೆರಿಗೆ ಕಟ್ಟುವ ಹೆಂಗಸರು ಮಿಶಿಗನ್‌ನ ಶಾಲಾ ಚುನಾವಣೆಯಲ್ಲಿ 19ನೇ ಶತಮಾನದಲ್ಲೇ ಮತ ಹಾಕುತ್ತಿದ್ದರು.

ಈ ಪುಸ್ತಕ ಎಲ್ಲಿರುತ್ತದೆ? 1939–40ರಲ್ಲಿ ಅಮೆರಿಕದಲ್ಲಿ 1,17,000ಕ್ಕೂ ಹೆಚ್ಚು ಶಾಲಾ ಡಿಸ್ಟ್ರಿಕ್ಟ್‌ಗಳಿದ್ದವು, ಇಂದು ಸುಮಾರು 13,000. ಉಳಿದವೆಲ್ಲ ದೊಡ್ಡದರಲ್ಲಿ ಕರಗಿದವು. ಮಿಶಿಗನ್‌ನಲ್ಲಿ 1964ರ ಕಾನೂನು ಪ್ರತಿ ಜಾಗವೂ ಕಿಂಡರ್‌ಗಾರ್ಟನ್‌ನಿಂದ 12ನೇ ಗ್ರೇಡಿನವರೆಗೆ ನಡೆಸುವ ಡಿಸ್ಟ್ರಿಕ್ಟಿನಲ್ಲಿ ಸೇರಲೇಬೇಕು ಎಂದು ಹೇಳಿದಾಗ, ಉಳಿದಿದ್ದ ಒಂದು ಕೋಣೆ ಶಾಲೆಗಳ ಕಾಲವೂ ಬಹುಮಟ್ಟಿಗೆ ಮುಗಿಯಿತು. ಕರಗಿದ ಡಿಸ್ಟ್ರಿಕ್ಟಿನ ಪುಸ್ತಕ ಕಾನೂನಿನ ಪ್ರಕಾರ ಅದನ್ನು ನುಂಗಿದ ಡಿಸ್ಟ್ರಿಕ್ಟಿಗೆ ಹೋಗಬೇಕು. ನಿಜದಲ್ಲಿ ಕೊನೆಯ ಡೈರೆಕ್ಟರನ ಅಟ್ಟಕ್ಕೂ ಹೋಗಿದೆ. ಆದ್ದರಿಂದ ಕೇಳಬೇಕಾದ ಕ್ರಮ ಹೀಗೆ: ಮೊದಲು ಆ ಜಾಗ ಈಗ ಯಾವ ಶಾಲಾ ಡಿಸ್ಟ್ರಿಕ್ಟಿಗೆ ಸೇರಿದೆಯೋ ಅದರ ಆಡಳಿತ ಕಚೇರಿ. ಆಮೇಲೆ ಕೌಂಟಿ ಮಟ್ಟದ ಇಂಟರ್‌ಮೀಡಿಯೆಟ್ ಸ್ಕೂಲ್ ಡಿಸ್ಟ್ರಿಕ್ಟ್, ನಿಮ್ಮ ಕೌಂಟಿಯಲ್ಲಿ ಅದರ ಹೆಸರು ಓಕ್‌ಲ್ಯಾಂಡ್ ಸ್ಕೂಲ್ಸ್. ಆಮೇಲೆ ಗಡಿಯ ಎರಡೂ ಬದಿಯ ಟೌನ್‌ಶಿಪ್ ಕ್ಲರ್ಕ್. ಕೊನೆಗೆ ಲ್ಯಾನ್ಸಿಂಗ್‌ನ ರಾಜ್ಯ ಪತ್ರಾಗಾರ, ಆನ್ ಆರ್ಬರ್‌ನ ಬೆಂಟ್ಲಿ ಲೈಬ್ರರಿ, ಊರಿನ ಹಿಸ್ಟಾರಿಕಲ್ ಸೊಸೈಟಿ.

ಎರಡೂ ಬದಿ ಎಂದು ಒತ್ತಿ ಹೇಳಲು ಕಾರಣವಿದೆ. ಫ್ರ್ಯಾಕ್ಷನಲ್ ಡಿಸ್ಟ್ರಿಕ್ಟಿನ ಪೂರ್ಣ ವಾರ್ಷಿಕ ವರದಿ ಶಾಲೆ ಕಟ್ಟಡ ನಿಂತ ಟೌನ್‌ಶಿಪ್ಪಿಗೆ ಹೋಗುತ್ತಿತ್ತು. ಇನ್ನೊಂದಕ್ಕೆ ಅದರ ಭಾಗದ ಮಕ್ಕಳ ಎಣಿಕೆ. ತೆರಿಗೆಯೂ ಎರಡು ಕಡೆಯ ಪಟ್ಟಿಯಲ್ಲಿ ಹಂಚಿಹೋಗಿರುತ್ತದೆ. ಒಂದೇ ಕಡೆ ನೋಡಿದವರಿಗೆ ಶಾಲೆಯಲ್ಲಿ ಒಂಬತ್ತೇ ಮಕ್ಕಳು ಎನಿಸಬಹುದು, ಉಳಿದವರು ಗಡಿಯಾಚೆಯ ಪುಸ್ತಕದಲ್ಲಿ ಕೂತಿರುತ್ತಾರೆ. ನೋವೈಯ ಮಟ್ಟಿಗೆ ಇನ್ನೊಂದು ತೊಡಕು: 1969ರಲ್ಲಿ ಅದು ಸಿಟಿಯಾಯಿತು. ‘ನೋವೈ ಟೌನ್‌ಶಿಪ್’ ಎಂಬ ಹೆಸರಿನ ಹಳೇ ಕಡತಗಳನ್ನು ಸಿಟಿ ಕ್ಲರ್ಕ್ ಬಳಿಯೂ ಕೇಳಿ.

ಬಾಯಿಮಾತಿನಲ್ಲಿ ಕೇಳಿದರೆ ‘ಇಲ್ಲ’ ಎನ್ನುವುದು ಸುಲಭ. ಬರಹದಲ್ಲಿ ಕೇಳಿ. ಮಿಶಿಗನ್‌ನಲ್ಲೂ ನಮ್ಮ ಆರ್‌ಟಿಐ ಥರದ ಕಾನೂನಿದೆ, 1976ರದ್ದು. ಸಾಧಾರಣ ಇಮೇಲ್ ಸಾಕು, ಆದರೆ ನಿಮ್ಮ ಪೂರ್ತಿ ಹೆಸರು, ವಿಳಾಸ, ಫೋನ್ ಅಥವಾ ಇಮೇಲ್ ಇರಬೇಕು. ಕಚೇರಿ 5 ಕೆಲಸದ ದಿನಗಳೊಳಗೆ ಉತ್ತರಿಸಬೇಕು, ಬೇಕಾದರೆ ಇನ್ನೂ 10 ಕೆಲಸದ ದಿನ ತೆಗೆದುಕೊಳ್ಳಬಹುದು. ಸಾಧಾರಣ ಹಾಳೆಯ ನಕಲಿಗೆ 10 ಸೆಂಟಿಗಿಂತ ಹೆಚ್ಚು ಹಾಕುವಂತಿಲ್ಲ. ಹುಡುಕಿದ ಸಮಯಕ್ಕೆ ಕೂಲಿ ಹಾಕಬಹುದು, ಬಿಲ್ಲು ಏರುವುದು ಅಲ್ಲೇ. ‘ಶಾಲೆಗೆ ಸಂಬಂಧಿಸಿದ ಎಲ್ಲ ದಾಖಲೆ’ ಎಂದು ಬರೆದರೆ ದೊಡ್ಡ ಅಂದಾಜು ಪಟ್ಟಿ ಬರುತ್ತದೆ. ‘ಸ್ಕೂಲ್ ಡಿಸ್ಟ್ರಿಕ್ಟ್ ನಂ. 5 ಫ್ರ್ಯಾಕ್ಷನಲ್‌ನ ನಡಾವಳಿ ಪುಸ್ತಕಗಳು, 1870ರಿಂದ 1890. ನಕಲು ಬೇಡ, ಕಚೇರಿಗೆ ಬಂದು ನೋಡುತ್ತೇನೆ’ ಎಂದು ಬರೆಯಿರಿ. ನೋಡಲು ಹೋದಾಗ ಫೋನಿನಲ್ಲಿ ಫೋಟೋ ತೆಗೆಯಬಹುದೇ ಎಂದು ಮೊದಲೇ ಕೇಳಿಕೊಳ್ಳಿ.

ಜನಗಣತಿ, ಪತ್ರಿಕೆಗಳ ಬಗ್ಗೆ ಚಿಕ್ಕದಾಗಿ. ಫೆಡರಲ್ ಗಣತಿಯ ಹಾಳೆ 72 ವರ್ಷದ ನಂತರ ಬಿಡುಗಡೆಯಾಗುತ್ತದೆ, ಈಗ 1950ರವರೆಗೆ ಸಿಗುತ್ತದೆ. 1880ರದರಲ್ಲಿ ಆ ಮೂಲೆಯ ಸುತ್ತಲಿನ ಮನೆಗಳಲ್ಲಿ ಮೇಷ್ಟ್ರು ಬಿಡಾರ ಮಾಡಿದ್ದ ಮನೆ ಸಿಕ್ಕರೂ ಸಿಗಬಹುದು. 1890ರದ್ದು ಬೆಂಕಿ ಅನಾಹುತದಿಂದ ಬಹುತೇಕ ನಾಶ, ಆ ಅಂತರಕ್ಕೆ ಮಿಶಿಗನ್‌ನದೇ 1884 ಮತ್ತು 1894ರ ಗಣತಿ ಇತ್ತು, ಎಲ್ಲ ಕೌಂಟಿಯದೂ ಉಳಿದಿಲ್ಲ. ನಾರ್ತ್‌ವಿಲ್ ರೆಕಾರ್ಡ್ ಪತ್ರಿಕೆ 1869ರಿಂದ ಇದೆ. ಅಂಥ ಊರ ಪತ್ರಿಕೆಗಳಲ್ಲಿ ಹಳ್ಳಿಹಳ್ಳಿಯ ಸುದ್ದಿಯ ಕಾಲಂ ಇರುತ್ತಿತ್ತು. ಹುಡುಕುವಾಗ ಡಿಸ್ಟ್ರಿಕ್ಟ್ ನಂಬರ್ ಹಾಕಬೇಡಿ, ಜನ ಶಾಲೆಯನ್ನು ಪಕ್ಕದ ಹೊಲದ ಮನೆತನದ ಹೆಸರಿನಿಂದ ಕರೆಯುತ್ತಿದ್ದರು. ಅಟ್ಲಾಸಿನಲ್ಲಿ ಸಿಕ್ಕ ಹೆಸರೇ ಇಲ್ಲಿ ಕೀಲಿ. ಸ್ಯಾನ್‌ಬಾರ್ನ್ ವಿಮಾ ನಕ್ಷೆ ನೋಡಿ ಎಂದು ಯಾರಾದರೂ ಹೇಳಿದರೆ ಸಮಯ ಕಳೆಯಬೇಡಿ, ಅವು ಪಟ್ಟಣಗಳಿಗೆ ಮಾಡಿದವು, ಹೊಲದ ನಡುವಿನ ಶಾಲೆ ಅದರಲ್ಲಿ ಬರುವುದಿಲ್ಲ. 1870ರ ದಶಕದ ದಪ್ಪ ಕೌಂಟಿ ಚರಿತ್ರೆಗಳನ್ನೂ ಅನುಮಾನದಿಂದಲೇ ಓದಿ. ಅಂಥವು ಮೊದಲೇ ಚಂದಾ ಎತ್ತಿ ಮುದ್ರಿಸಿದವು, ಚಂದಾದಾರರ ಮನೆತನಕ್ಕೆ ಸಿಕ್ಕಷ್ಟು ಪುಟ ಉಳಿದವರಿಗೆ ಸಿಗಲಿಲ್ಲ.

ಕಟ್ಟಡವನ್ನೂ ಓದಿ. ಒಡೆಯರ ಅನುಮತಿ ಪಡೆದು ಒಳಗೆ ಹೋಗಿ, ಇಲ್ಲವಾದರೆ ರಸ್ತೆಯಿಂದಲೇ. ಎರಡು ಉದ್ದ ಗೋಡೆಗಳಲ್ಲಿ ಎದುರುಬದುರು ಕಿಟಕಿಗಳು ಇದ್ದದ್ದು ಹಳೇ ಕ್ರಮ. 20ನೇ ಶತಮಾನದ ಆರಂಭದಲ್ಲಿ ಶಾಲಾ ಸುಧಾರಕರು ಬೆಳಕು ಮಗುವಿನ ಎಡಗಡೆಯಿಂದ ಮಾತ್ರ ಬೀಳಬೇಕು ಎಂದು ಹಠ ಹಿಡಿದರು, ಬಲಗೈಯಲ್ಲಿ ಬರೆಯುವಾಗ ನೆರಳು ಹಾಳೆಯ ಮೇಲೆ ಬೀಳದಿರಲಿ ಎಂದು. ಆಗ ಒಂದು ಬದಿಯ ಕಿಟಕಿಗಳನ್ನು ಮುಚ್ಚಿ ಇನ್ನೊಂದು ಬದಿಯಲ್ಲಿ ಸಾಲು ಕಿಟಕಿ ಒಡೆದರು. ನಿಮ್ಮ ಕಟ್ಟಡದ ಗೋಡೆಗೆ ಸಂಜೆಯ ಓರೆ ಬಿಸಿಲು ಬಿದ್ದಾಗ ನೋಡಿ. ಮೇಲೆ ಕಮಾನಿನ ಇಟ್ಟಿಗೆ ಹಾಗೇ ಉಳಿದು, ಕೆಳಗೆ ಬೇರೆ ಬಣ್ಣದ ಇಟ್ಟಿಗೆ, ಹೊಸ ಗಾರೆ ಇದ್ದರೆ ಅದು ಮುಚ್ಚಿದ ಕಿಟಕಿ. ಯಾವ ಬದಿ ಮುಚ್ಚಿದೆಯೋ ಅದರಿಂದ ಕರಿಹಲಗೆ ಯಾವ ಕೊನೆಯಲ್ಲಿತ್ತು ಎಂದು ಹೇಳಬಹುದು. ಮುಂಭಾಗದಲ್ಲಿ ಎರಡು ಬಾಗಿಲಿದ್ದರೆ ಒಂದು ಹುಡುಗರಿಗೆ, ಒಂದು ಹುಡುಗಿಯರಿಗೆ. ಚಾವಣಿಯ ನಡುವೆ ಹೊಗೆ ಕೊಳವೆಯ ಗುಂಡು ತೂತು ಮುಚ್ಚಿದ ಗುರುತಿದ್ದರೆ ಒಲೆ ಮಧ್ಯದಲ್ಲಿತ್ತು: ಹತ್ತಿರದವರು ಬೆಂದರು, ಗೋಡೆ ಪಕ್ಕದವರು ನಡುಗಿದರು. ಹೋಲಿಸಲು ಡಿಯರ್‌ಬಾರ್ನ್‌ನ ಗ್ರೀನ್‌ಫೀಲ್ಡ್ ವಿಲೇಜಿನಲ್ಲಿ 1861ರ ಸ್ಕಾಚ್ ಸೆಟ್ಲ್‌ಮೆಂಟ್ ಶಾಲೆ ಇದೆ, ಹೆನ್ರಿ ಫೋರ್ಡ್ ಓದಿದ್ದು ಅಲ್ಲೇ.

ಕೊನೆಯದಾಗಿ ರಸ್ತೆ. ಇಲ್ಲಿ ಜನ ತಪ್ಪು ಬಾಗಿಲು ತಟ್ಟುತ್ತಾರೆ. 1931ರ ಮೆಕ್‌ನಿಟ್ ಕಾಯ್ದೆಯಿಂದ ಮಿಶಿಗನ್‌ನ ಟೌನ್‌ಶಿಪ್ ರಸ್ತೆಗಳು ಕೌಂಟಿಯ ಕೈಗೆ ಹೋದವು. ಹಾಗಾಗಿ ಟೌನ್‌ಶಿಪ್ ಬದಿಯ ರಸ್ತೆ ಅಗಲೀಕರಣ ತೀರ್ಮಾನಿಸುವುದು ಓಕ್‌ಲ್ಯಾಂಡ್ ಕೌಂಟಿಯ ರೋಡ್ ಕಮಿಷನ್. ಸಿಟಿಯೊಳಗಿನ ರಸ್ತೆಯಾದರೆ ಸಿಟಿ ಕೌನ್ಸಿಲ್ಲೂ ಇರಬಹುದು. ಮೊದಲು ರೋಡ್ ಕಮಿಷನ್ನಿಗೆ ಎರಡು ಪ್ರಶ್ನೆ ಬರೆಯಿರಿ: ಈ ಮೂಲೆಗೆ ಯೋಜನೆ ಇದೆಯೇ, ಇದ್ದರೆ ಫೆಡರಲ್ ಹಣ ಇದೆಯೇ? ಎರಡನೆಯದು ಮುಖ್ಯ. ಫೆಡರಲ್ ಹಣ ಅಥವಾ ಪರವಾನಗಿ ಇದ್ದರೆ 1966ರ ರಾಷ್ಟ್ರೀಯ ಕಾನೂನಿನ 106ನೇ ಸೆಕ್ಷನ್ ಪ್ರಕಾರ ಚಾರಿತ್ರಿಕ ಕಟ್ಟಡಗಳ ಮೇಲಿನ ಪರಿಣಾಮವನ್ನು ಮೊದಲೇ ಪರಿಶೀಲಿಸಬೇಕು, ಲ್ಯಾನ್ಸಿಂಗ್‌ನ ರಾಜ್ಯ ಸಂರಕ್ಷಣಾ ಕಚೇರಿಯ ಅಭಿಪ್ರಾಯ ಕೇಳಬೇಕು. ಕೌಂಟಿಯ ಸ್ವಂತ ಹಣವಾದರೆ ಆ ತಡೆ ಇಲ್ಲ.

‘ನ್ಯಾಷನಲ್ ರಿಜಿಸ್ಟರಿಗೆ ಸೇರಿಸಿದರೆ ಯಾರೂ ಮುಟ್ಟುವಂತಿಲ್ಲ’ ಎಂಬುದು ನಮ್ಮವರಲ್ಲೂ ಅಮೆರಿಕನ್ನರಲ್ಲೂ ಸಮಾನವಾಗಿ ಹರಡಿರುವ ನಂಬಿಕೆ, ತಪ್ಪು. ಆ ರಿಜಿಸ್ಟರ್ ಚಾರಿತ್ರಿಕ ಸ್ಥಳಗಳ ರಾಷ್ಟ್ರೀಯ ಪಟ್ಟಿ, ಅದರಲ್ಲಿ ಸೇರುವುದು ಗೌರವ ಅಷ್ಟೇ. ಒಡೆಯರು ಸ್ವಂತ ಹಣದಲ್ಲಿ ನಾಳೆಯೇ ಕೆಡವಬಹುದು. ಖಾಸಗಿ ಆಸ್ತಿಯಾದರೆ ಒಡೆಯರ ಆಕ್ಷೇಪ ಮೀರಿ ಸೇರಿಸುವಂತೆಯೂ ಇಲ್ಲ. ನಿಜವಾದ ಹಿಡಿತ ಇರುವುದು 1970ರ ಮಿಶಿಗನ್ ಕಾಯ್ದೆ 169ರ ಪ್ರಕಾರ ಸ್ಥಳೀಯ ಸರ್ಕಾರ ಮಾಡುವ ಚಾರಿತ್ರಿಕ ಪ್ರದೇಶದ ಕಟ್ಟಳೆಯಲ್ಲಿ. ಅದಕ್ಕೆ ಅಧ್ಯಯನ ಸಮಿತಿ, ಕರಡು ವರದಿ, ವರದಿ ಕಳಿಸಿ ಕನಿಷ್ಠ 60 ದಿನದ ನಂತರ ಸಾರ್ವಜನಿಕ ವಿಚಾರಣೆ, ಇಷ್ಟೂ ಆಗಬೇಕು. ಬುಲ್ಡೋಜರ್ ಬಂದ ಮೇಲೆ ಶುರು ಮಾಡಿದರೆ ಆಗುವ ಕೆಲಸವಲ್ಲ. ಕಟ್ಟಡ ಎತ್ತಿ ಬೇರೆಡೆ ಸಾಗಿಸುವ ಸಲಹೆ ಬಂದರೆ ಎರಡು ಸಂಗತಿ ಹೇಳಿ: ಇಟ್ಟಿಗೆ ಗೋಡೆ ಸಾಗಿಸುವುದು ಹಲಗೆ ಗೋಡೆಯಷ್ಟು ಸುಲಭವಲ್ಲ, ಮತ್ತು ಜಾಗ ಬಿಟ್ಟ ಕಟ್ಟಡವನ್ನು ನ್ಯಾಷನಲ್ ರಿಜಿಸ್ಟರ್ ಸಾಮಾನ್ಯವಾಗಿ ಒಪ್ಪುವುದಿಲ್ಲ. ಗಡಿ ಶಾಲೆಯನ್ನು ಗಡಿಯಿಂದ ಕಿತ್ತರೆ ‘ಫ್ರ್ಯಾಕ್ಷನಲ್’ ಎಂಬ ಕಲ್ಲಿಗೆ ಅರ್ಥವೂ ಉಳಿಯುವುದಿಲ್ಲ.

ಗ್ರೀನ್ ಕಾರ್ಡಿನ ಪ್ರಶ್ನೆಗೆ ಉತ್ತರ ಸರಳ: ಮಾತಾಡಬಹುದು. 1976ರ ಓಪನ್ ಮೀಟಿಂಗ್ಸ್ ಕಾಯ್ದೆ ‘ವ್ಯಕ್ತಿ’ ಎನ್ನುತ್ತದೆ, ‘ಪೌರ’ ಎನ್ನುವುದಿಲ್ಲ. ವೀಸಾದಲ್ಲಿ ಇರುವವರೂ ಮಾತಾಡಬಹುದು. ಮತ ಮಾತ್ರ ಹಾಕುವಂತಿಲ್ಲ. ನಿಮ್ಮ ಕಲ್ಲು ಕೆತ್ತಿದ ಕಾಲದಲ್ಲಿ ಅದೂ ಬೇರೆ ಇತ್ತು: ಪೌರರಾಗುವ ಇಚ್ಛೆ ಘೋಷಿಸಿ ಎರಡೂವರೆ ವರ್ಷ ಇಲ್ಲಿ ನೆಲೆಸಿದ ಪರದೇಶದ ಗಂಡಸರು ಮಿಶಿಗನ್‌ನಲ್ಲಿ ಮತ ಹಾಕುತ್ತಿದ್ದರು, ಹೊಸಬರಿಗೆ ಆ ಬಾಗಿಲು 1894ರಲ್ಲಿ ಮುಚ್ಚಿತು.

ಸಾಮಾನ್ಯವಾಗಿ ಒಬ್ಬರಿಗೆ 3 ನಿಮಿಷ ಕೊಡುತ್ತಾರೆ, ಸಮಯದ ನಿಯಮ ಆಯಾ ಮಂಡಳಿಯದು. ವಿಶೇಷ ಸಭೆಯ ಸೂಚನೆ 18 ಗಂಟೆ ಮುಂಚೆ ಅಂಟಿಸಿದರೂ ಸಾಕು ಎಂದು ಕಾನೂನು, ಅದಕ್ಕೆ ಜಾಲತಾಣವನ್ನು ಆಗಾಗ ನೋಡುತ್ತಿರಿ. ಒಂದು ಹಾಳೆ ಸಿದ್ಧಮಾಡಿ: 1872ರ ಅಟ್ಲಾಸಿನ ಆ ಮೂಲೆಯ ತುಣುಕು, ಕಲ್ಲಿನ ಫೋಟೋ, 20 ಗುಂಟೆ ಹೇಗೆ 12 ಆಯಿತು ಎಂಬ ಲೆಕ್ಕ (ಅವರಿಗೆ ರಾಡ್‌ನಲ್ಲಿ), ಕೆಳಗೆ ಒಂದೇ ಕೋರಿಕೆ. ಟೌನ್‌ಶಿಪ್ ಮಂಡಳಿಯಲ್ಲಿ 5 ಅಥವಾ 7 ಜನ ಇರುತ್ತಾರೆ, ಕ್ಲರ್ಕಿಗೆ ಒಂದು ಹೆಚ್ಚುವರಿ ಪ್ರತಿ ಕೊಟ್ಟು ನಡಾವಳಿಗೆ ಲಗತ್ತಿಸಿ ಎಂದು ಕೇಳಿ. ‘ಉಳಿಸಿ’ ಎಂದಷ್ಟೇ ಹೇಳಿದರೆ ತಲೆಯಾಡಿಸಿ ಮುಂದಿನ ವಿಷಯಕ್ಕೆ ಹೋಗುತ್ತಾರೆ. ‘ವಿನ್ಯಾಸ ಅಂತಿಮವಾಗುವ ಮುನ್ನ ಎದುರು ಬದಿಗೆ ಅಗಲಿಸುವ ಸಾಧ್ಯತೆ ಪರಿಶೀಲಿಸುವಂತೆ ರೋಡ್ ಕಮಿಷನ್ನಿಗೆ ಪತ್ರ ಬರೆಯಿರಿ’ ಎಂದು ಕೇಳಿದರೆ ಅದಕ್ಕೆ ಹೌದು ಅಥವಾ ಇಲ್ಲ ಎನ್ನಲೇಬೇಕಾಗುತ್ತದೆ. ಎದುರು ಬದಿ ಇನ್ನೊಂದು ಟೌನ್‌ಶಿಪ್ ಆದ್ದರಿಂದ ಅದೇ ಹಾಳೆ ಅಲ್ಲಿಗೂ ಬೇಕು.

ಮಗಳ ಪ್ರಾಜೆಕ್ಟಿಗೆ ಒಂದು ಸೂಚನೆ. ನಿಮ್ಮ ಬೇಸಿಗೆ ಮತ್ತು ಚಳಿಗಾಲದ ತೆರಿಗೆ ಚೀಟಿ ಅವಳ ಕೈಗೆ ಕೊಡಿ. ಕೌಂಟಿ, ಲೈಬ್ರರಿ, ಶಾಲಾ ಡಿಸ್ಟ್ರಿಕ್ಟ್, ಇಂಟರ್‌ಮೀಡಿಯೆಟ್ ಡಿಸ್ಟ್ರಿಕ್ಟ್ ಒಂದೊಂದಕ್ಕೂ ಬೇರೆ ಸಾಲು, ಬೇರೆ ಮಿಲ್ ದರ ಇರುತ್ತದೆ. ಒಂದು ಮಿಲ್ ಅಂದರೆ ತೆರಿಗೆ ಮೌಲ್ಯದ ಸಾವಿರ ಡಾಲರಿಗೆ ಒಂದು ಡಾಲರ್. ನೋವೈ ಸಿಟಿಯೊಳಗೇ ಇರುವ ಮನೆಗಳು ಇಂದು ನೋವೈ, ನಾರ್ತ್‌ವಿಲ್, ವಾಲ್ಡ್ ಲೇಕ್, ಸೌತ್ ಲಯನ್ ಎಂಬ ನಾಲ್ಕು ಶಾಲಾ ಡಿಸ್ಟ್ರಿಕ್ಟ್‌ಗಳಿಗೆ ಹಂಚಿಹೋಗಿವೆ. ಮನೆ ಕೊಳ್ಳುವಾಗ ಏಜೆಂಟರು ‘ವಿಳಾಸ ನೋವೈ, ಆದರೆ ಶಾಲೆ ಬೇರೆ’ ಎಂದದ್ದು ನಿಮಗೂ ನೆನಪಿರಬಹುದು. ಹಳೇ ನಂಬರಿನ ಡಿಸ್ಟ್ರಿಕ್ಟ್‌ಗಳನ್ನು ಒಂದೊಂದಾಗಿ ಆ ಕಡೆ, ಈ ಕಡೆ ಸೇರಿಸಿಕೊಳ್ಳುತ್ತ ಹೋದ ಕಾಲದ ಗೆರೆಗಳು ಅವು. ಇಂದಿನ ಡಿಸ್ಟ್ರಿಕ್ಟ್ ನಕ್ಷೆಯನ್ನು 1872ರ ಪುಟದ ಮೇಲಿಟ್ಟು ನಂ. 5ರ ಹೊಲಗಳು ಯಾವ ಗೆರೆಯೊಳಗೆ ಬೀಳುತ್ತವೆ ಎಂದು ಅವಳೇ ಬಣ್ಣ ಹಚ್ಚಲಿ. ಡೈರೆಕ್ಟರ್ ಪುಸ್ತಕಕ್ಕಾಗಿ ಮೊದಲ ಇಮೇಲ್ ಯಾವ ಕಚೇರಿಗೆ ಕಳಿಸಬೇಕು ಎಂಬುದೂ ಆ ಬಣ್ಣದಲ್ಲೇ ಗೊತ್ತಾಗುತ್ತದೆ.